ಪ್ರಭಾರಿಯವರು ಕೂರದ ಕುರ್ಚಿ

ನಾನು ಒಂದು ತೇಗದ ಕುರ್ಚಿ. ಹುಟ್ಟಿದ್ದು ಎರಡು ಸಲ. ಮೊದಲು ರೋಣದ ಕಡೆಯ ಒಂದು ಊರಿನ ಹಳೇ ಶಾಲೆಯ ಮಾಳಿಗೆಗೆ ತೊಲೆಯಾಗಿದ್ದೆ. ಮಾಳಿಗೆ ಇಳಿಸಿ ಸರಕಾರಿ ಹೈಸ್ಕೂಲು ಕಟ್ಟುವಾಗ ಬಡಿಗೇರ ಮೌನೇಶಪ್ಪ ನನ್ನನ್ನು ತಟ್ಟಿ ನೋಡಿದ. “ಇನ್ನೂ ಗಟ್ಟಿ ಐತಿ, ಒಲಿಗೆ ಹಾಕಬ್ಯಾಡ್ರಿ” ಎಂದ. ಕೊಯ್ದು, ಉಜ್ಜಿ, ಕೈಯಿಟ್ಟುಕೊಳ್ಳಲು ತೋಳು ಕೂಡಿಸಿ ಹೆಡ್‌ಮಾಸ್ತರರ ಕುರ್ಚಿ ಮಾಡಿದ. ಬೆನ್ನ ಹಿಂದೆ ಬಿಳಿ ಬಣ್ಣದಲ್ಲಿ ಆ ವರ್ಷದ ಅಂಕಿ ಬರೆದರು. ನನ್ನ ವಯಸ್ಸಿನ ಲೆಕ್ಕ ಅಲ್ಲಿಂದಲೇ ಶುರುವಾಯಿತು. ತೊಲೆಯಾಗಿ ಹೊತ್ತ ಭಾರವನ್ನು ಯಾರೂ ಲೆಕ್ಕಕ್ಕೆ ಹಿಡಿಯಲಿಲ್ಲ.

ನನಗೆ ಓದು ಬಾರದು. ಗೋಡೆಯಾಚೆಯ ತರಗತಿಯಿಂದ ಕೇಳಿಸಿದಷ್ಟೇ ನನ್ನ ವಿದ್ಯೆ. ಆದರೆ ಕೂತವರ ಭಾರ ನೆನಪಿದೆ. ಸಿಟ್ಟು ಬಂದಾಗ ತೋಳು ಗುದ್ದುವವರೊಬ್ಬರು, ಊಟವಾದ ಮೇಲೆ ಒರಗಿ ಗೊರಕೆ ಹೊಡೆಯುವವರೊಬ್ಬರು. ಆ ಗೊರಕೆಯವರು ನಿವೃತ್ತರಾದ ಮೇಲೆ ನಾನು ಖಾಲಿಯಾದೆ.

ಮುಂದಿನ ಹೆಡ್‌ಮಾಸ್ತರ್ ಯಾರು? ಜ್ಯೇಷ್ಠತಾ ಪಟ್ಟಿಯಲ್ಲಿ ವಿಜ್ಞಾನದ ಸುಣಗಾರ ಸರ್ ಮೇಲಿದ್ದರು. ಕನ್ನಡದ ದಾಕ್ಷಾಯಣಿ ಹೂಗಾರ ಮೇಡಂ ಬಹಳ ಕೆಳಗಿದ್ದರು. ಕೆಲಸಕ್ಕೆ ಸೇರಿದ್ದು ಮಾತ್ರ ಮೇಡಂ ಮೊದಲು. ರಾಯಚೂರಿನ ಕಡೆ ಹನ್ನೊಂದು ವರ್ಷ ಕಲಿಸಿದ್ದರು. ಇಲ್ಲಿದ್ದ ಗಂಡನಿಗೆ ಪಾರ್ಶ್ವವಾಯು ಹೊಡೆದಾಗ ತಾವೇ ಕೇಳಿಕೊಂಡು ವರ್ಗವಾಗಿ ಬಂದರು. ಹಾಗೆ ಕೇಳಿ ಬೇರೆ ವಿಭಾಗಕ್ಕೆ ಬಂದವರು ಪಟ್ಟಿಯ ಬಾಲಕ್ಕೆ ನಿಲ್ಲಬೇಕೆಂಬುದು ನಿಯಮ. ಬರುವಾಗ ಅದಕ್ಕೆ ಒಪ್ಪಿ ಸಹಿಯನ್ನೂ ಹಾಕಿದ್ದರು. ಆದರೆ ಬಡ್ತಿಗೆ ಅರ್ಹರ ಪಟ್ಟಿ ಬಂದಾಗ, ರಾಯಚೂರಿನ ವರ್ಷಗಳನ್ನು ಅನುಭವವೆಂದು ಹಿಡಿಯದೆ ತಮ್ಮ ಹೆಸರನ್ನೇ ಬಿಟ್ಟದ್ದನ್ನು ಅವರಿಗೆ ತಡೆಯಲಾಗಲಿಲ್ಲ.

“ಹಿಂದ ನಿಂದರ್ಸ್ರಿ, ಒಪ್ಪೀನಿ” ಎಂದರು ನನ್ನೆದುರು ನಿಂತು. “ಆದ್ರ ಅನುಭವನ ಇಲ್ಲ ಅಂದ್ರ ಹೆಂಗ್ರಿ? ಆ ಹನ್ನೊಂದು ವರ್ಷ ನಾ ಏನು ದನಾ ಕಾಯ್ದ್ನೇನು?”

ಬೆಳಗಾವಿಯ ನ್ಯಾಯಮಂಡಳಿಗೆ ಹೋದರು. ಅನುಭವವೂ ಬೇಕು, ಮೇಲಿನ ಸ್ಥಾನವೂ ಬೇಕು ಎಂದು ವಕೀಲರು ಎರಡನ್ನೂ ಕೇಳಿದರು. ಬಡ್ತಿಗೆ ತಡೆ ಬಂತು. ಕಚೇರಿಯ ಜವಾಬ್ದಾರಿ ಸುಣಗಾರ ಸರ್‌ಗೆ ಬಿತ್ತು, ಪ್ರಭಾರಿ ಎಂದು. ನಮ್ಮ ಕಡೆ ಪ್ರಭಾರಿಯಾದವರು ಹೆಡ್‌ಮಾಸ್ತರರ ಕುರ್ಚಿಯಲ್ಲಿ ಕೂರುವುದಿಲ್ಲ. ಪಕ್ಕಕ್ಕೆ ಕಬ್ಬಿಣದ ಮಡಚು ಕುರ್ಚಿ ಹಾಕಿಕೊಂಡರು. ನನ್ನ ಮೇಲೆ ಟವೆಲ್ ಹಾಸಿದರು. ದಿನಾ ಬೆಳಿಗ್ಗೆ ಅದನ್ನು ಜಾಡಿಸಿ ಮತ್ತೆ ಹಾಸುತ್ತಿದ್ದರು.

“ಕುಂದರ್ರಿ ಸರ್, ಯಾರು ನೋಡ್ತಾರ?” ಎಂದು ಜವಾನ ಹಸನಸಾಬ ಕೆಣಕುತ್ತಿದ್ದ.

“ಕುರ್ಚಿ ನೋಡತೈತಿ” ಎನ್ನುತ್ತಿದ್ದರು.

ವಿಚಾರಣೆಗೆ ವಾಯಿದೆ ಕೊಟ್ಟ ದಿನ ಬೆಳಗಾವಿಗೆ ಇದ್ದದ್ದು ನಸುಕಿನ ಒಂದೇ ಬಸ್ಸು. ಇಬ್ಬರೂ ಅದರಲ್ಲೇ ಹೋಗಬೇಕು. ಹಸನಸಾಬನೂ ಒಮ್ಮೆ ಕಡತ ಹೊತ್ತು ಹೋಗಿ ಬಂದು, ಕಂಡದ್ದನ್ನು ಹೇಳಿದ. ಸರ್ ಬರಿಹೊಟ್ಟೆಯಲ್ಲಿ ಬಂದಿದ್ದರಂತೆ. ಮೇಡಂ ಬುತ್ತಿ ಬಿಚ್ಚಿ ರೊಟ್ಟಿ, ಶೇಂಗಾ ಚಟ್ನಿ ಕೊಟ್ಟರಂತೆ. ಸರ್ ಬೇಡ ಎಂದರೆ, “ಜಗಳ ಹುದ್ದೆದೈತಿ, ಹೊಟ್ಟಿದಲ್ಲ. ತಿನ್ರಿ” ಎಂದರಂತೆ. ಬೆಳಗಾವಿ ಮುಟ್ಟಿದ ಮೇಲೆ ಒಬ್ಬರು ಈ ವಕೀಲರ ಕಡೆ, ಇನ್ನೊಬ್ಬರು ಆ ವಕೀಲರ ಕಡೆ.

ವರ್ಷಗಳು ಹೀಗೇ ಹೋದವು. ಟವೆಲು ಸವೆದು ಇನ್ನೊಂದು ಬಂತು. ಮೇಡಂ ಅವರ ಗಂಡ ತೀರಿಕೊಂಡರು.

ಕೊನೆಗೆ ತೀರ್ಪು ಬಂತು. ಹಳೆಯ ವರ್ಷಗಳನ್ನು ಅರ್ಹತೆಗೆ ಹಿಡಿಯಬೇಕು, ಸ್ಥಾನಕ್ಕೆ ಹಿಡಿಯುವಂತಿಲ್ಲ. ಅಂದರೆ ಮೇಡಂ ಅರ್ಹರು, ಆದರೆ ಸರದಿ ಸರ್ ಅವರದು. ಮೇಡಂ ಸರದಿ ಬರುವುದರೊಳಗೆ ಅವರ ನಿವೃತ್ತಿ.

“ಕಲಿಸಿದ್ದು ಖರೇ ಅಂತ ಒಪ್ಪಿದ್ರಲ್ಲ” ಎಂದು ಮೇಡಂ ಚಾಕ್ ತೆಗೆದುಕೊಂಡು ತರಗತಿಗೆ ಹೋದರು.

ಸರ್ ಹೆಡ್‌ಮಾಸ್ತರ್ ಆದರು, ಆದರೆ ಬೇರೆ ಊರಿಗೆ. ನನ್ನಲ್ಲಿ ಅವರೂ ಕೂರಲಿಲ್ಲ. ಇಲ್ಲಿಗೆ ಬಂದ ಹೊಸಬರು ತಿರುಗುವ ಕುರ್ಚಿ ತರಿಸಿದರು. ನನ್ನನ್ನು ಬಿಸಿಯೂಟದ ಅಡುಗೆಕೋಣೆಗೆ ಸಾಗಿಸಿದರು. ಅಲ್ಲಿ ಅಡುಗೆಯ ಶಾಂತವ್ವ ನನ್ನ ಮೇಲೆ ಕೂತು ಬೇಳೆ ಹಸನು ಮಾಡುತ್ತಾಳೆ.

ಮೇಡಂ ನಿವೃತ್ತಿಯ ದಿನ ಅಂಗಳದಲ್ಲಿ ಮೈಕು, ಶಾಮಿಯಾನ. ಅವರು ಮಾತ್ರ ಅಡುಗೆಕೋಣೆಗೆ ಬಂದರು. ಶಾಂತವ್ವ ಎದ್ದಳು. “ಕುಂದರ್ರಿ ಟೀಚರ್.”

ಮೇಡಂ ನನ್ನ ಬೆನ್ನಿನ ಅಂಕಿಯ ಮೇಲೆ ಕೈಯಾಡಿಸಿ, ಕೂತರು. ಮೊರ ತೊಡೆಯ ಮೇಲಿಟ್ಟುಕೊಂಡು ಕಲ್ಲು ಆರಿಸತೊಡಗಿದರು. ಭಾರ ಕಡಿಮೆಯಿತ್ತು.

ಸಮಾರಂಭಕ್ಕೆಂದು ತಮ್ಮ ಶಾಲೆಯಿಂದ ಬಂದಿದ್ದ ಸುಣಗಾರ ಸರ್ ಹಾರ ಹಿಡಿದು ಹುಡುಕುತ್ತ ಬಾಗಿಲಿಗೆ ಬಂದರು. ನನ್ನನ್ನು ಗುರುತು ಹಿಡಿದರು.

“ಈ ಕುರ್ಚಿ ಮ್ಯಾಲ ನನಗಿಂತ ಮೊದಲ ಕುಂತ್ರಲ್ಲ ಮೇಡಂ. ಇನ್ನ ನೀವ ಸೀನಿಯರ್.”

“ಹಂಗಾರ ನಿಂತ್ಕೊಂಡ ಮಾತಾಡ್ರಿ” ಎಂದರು ಮೇಡಂ.

ಸರ್ ನಿಂತೇ ಇದ್ದರು. ಬೇಳೆ ಹಸನಾಗುವ ತನಕ ಹಾರ ಕೈಯಲ್ಲೇ ಇತ್ತು.

ಈಗ ನನ್ನ ಒಂದು ತೋಳು ಸಡಿಲಾಗಿದೆ. ಬೆನ್ನಿನ ಅಂಕಿ ಹೊಗೆ ಹಿಡಿದು ಕಾಣುವುದಿಲ್ಲ. ಶಾಂತವ್ವನನ್ನು ಯಾರಾದರೂ ಕೇಳಿದರೆ, “ಭಾಳ ಹಳೇದ್ರಿ” ಎನ್ನುತ್ತಾಳೆ. ತೊಲೆಯಾಗಿದ್ದ ಕಾಲವೂ ಆ ಮಾತಿನಲ್ಲಿ ಸೇರಿದೆ ಎಂದುಕೊಳ್ಳುತ್ತೇನೆ.