ಎರಡನೇ ಕೀಲಿ

ಪಟ್ಟಿಯನ್ನು ಮೊದಲು ಓದಿದವನು ವೆಲ್ಡರ್. ಬೆಳಗಿನ ಪಾಳಿ ಮುಗಿಸಿದವರೆಲ್ಲ ಹಾಜರಿ ಕೋಣೆಯ ಗೋಡೆಗೆ ಮುತ್ತಿಕೊಂಡಿದ್ದಾಗ, ತನ್ನ ಸಣಕಲು ಮೈಯನ್ನು ಅಡ್ಡಡ್ಡ ತೂರಿಸಿ ಒಳಹೊಕ್ಕು ಹೊರಬಂದ. ಬಂದವನು ಬಗ್ಗಿ ಬೂಟಿನ ಲೇಸು ಕಟ್ಟತೊಡಗಿದ. ಅದು ಬಿಚ್ಚಿರಲೇ ಇಲ್ಲ.

"ಎಷ್ಟನೇದು?" ಅರ್ಜಿಯಣ್ಣ ಕೇಳಿದ.

"ನಾನು ತೊಂಬತ್ತಾರು. ನೀನು ಮೂರು."

ಅರ್ಜಿಯಣ್ಣನ ನಿಜವಾದ ಹೆಸರು ಗೇಟ್ ಪಾಸಿನಲ್ಲಿ ಮಾತ್ರ ಉಳಿದಿತ್ತು. ಕಾರ್ಖಾನೆಗೆಂದು ಅವರ ಬೀದಿಯನ್ನು ತೆಗೆದುಕೊಂಡಾಗ ಎಲ್ಲರ ಪರವಾಗಿ ಅರ್ಜಿ ಬರೆದವನು ಅವನೇ. ಮನೆಗೊಂದು ಕೆಲಸ ಎಂದಿದ್ದರು. ಕೆಲಸವೇನೋ ಬಂತು, ಗುತ್ತಿಗೆದಾರನ ಕೈಕೆಳಗೆ. ಹನ್ನೊಂದು ತಿಂಗಳಿಗೊಮ್ಮೆ ಗುತ್ತಿಗೆದಾರ ಬದಲಾಗುತ್ತಿದ್ದ, ಪಾಸು ಬದಲಾಗುತ್ತಿತ್ತು, ಇವರೆಲ್ಲ ಮತ್ತೆ ಹೊಸಬರಾಗುತ್ತಿದ್ದರು. ಒಂಬತ್ತು ವರ್ಷ ಅದೇ ಕಲ್ಲಿದ್ದಲು ಬೆಲ್ಟಿನ ಬುಡದಲ್ಲಿ ಧೂಳು ಕುಡಿದರೂ ಯಾರ ಅನುಭವವೂ ಹನ್ನೊಂದು ತಿಂಗಳು ದಾಟಿರಲಿಲ್ಲ. ಈಗ ಅಂತೂ ನಲವತ್ತು ಜನರನ್ನು ಕಾಯಂ ಮಾಡುವುದಾಗಿ ಹೇಳಿದ್ದರು. ಇದ್ದವರು ನೂರ ಹನ್ನೆರಡು. ಯಾವ ನಲವತ್ತು ಎಂದರೆ, ಅಂದು ಬೀದಿ ತೆರವು ಮಾಡಿಸುವಾಗ ಮನೆಯ ಕೀಲಿಯನ್ನು ಮೊದಲು ಒಪ್ಪಿಸಿದವರು.

ಆಗ ಕೀಲಿ ಕೊಡಬೇಡಿ ಎಂದು ಮನೆಮನೆಗೆ ಹೋಗಿ ಹೇಳಿದವನೂ ಅರ್ಜಿಯಣ್ಣನೇ. ಹತ್ತೊಂಬತ್ತು ತಿಂಗಳು ಧರಣಿ ಕೂರಿಸಿದ್ದ. ನಡುವೆ ವೆಲ್ಡರ್‌ನ ಧೈರ್ಯ ಕುಸಿದಾಗ, ಅವನ ಕೀಲಿಯನ್ನೇ ಕಿತ್ತುಕೊಂಡು ಎರಡು ತಿಂಗಳು ತನ್ನ ಜೇಬಿನಲ್ಲಿಟ್ಟುಕೊಂಡಿದ್ದ. ಆ ಎರಡು ತಿಂಗಳೇ ವೆಲ್ಡರ್‌ನನ್ನು ತೊಂಬತ್ತಾರಕ್ಕೆ ತಳ್ಳಿದ್ದು.

ಟೈಪಿಸ್ಟ್ ಎಡವಟ್ಟು ಮಾಡಿರಬೇಕು ಅಂದುಕೊಂಡು ಅರ್ಜಿಯಣ್ಣ ತಾನೇ ಹೋಗಿ ನೋಡಿದ. ಅವನ ಹೆಸರಿನ ಮುಂದಿದ್ದದ್ದು ಧರಣಿಯ ಎರಡನೇ ದಿನದ ತಾರೀಖು. ಆ ದಿನ ಅವನು ಟಾರ್ಪಾಲಿನ ಕೆಳಗೆ ಕೂತು ಗಂಟಲು ಹರಿಯುವಂತೆ ಕೂಗುತ್ತಿದ್ದ.

ಮನೆಯ ಕೀಲಿ ಈಗಲೂ ಅವನ ಬಳಿಯೇ ಇತ್ತು. ಲಾಕರ್ ಕೀಲಿಯ ಜೊತೆ ಒಂದೇ ಬಳೆಯಲ್ಲಿ ನೇತಾಡುತ್ತ, ಹೆಜ್ಜೆ ಹಾಕಿದಾಗಲೆಲ್ಲ ಕಿಣಿಕಿಣಿ ಅನ್ನುತ್ತಿತ್ತು. ಮನೆ ಇದ್ದ ಜಾಗದಲ್ಲಿ ಈಗ ಕಲ್ಲಿದ್ದಲಿನ ರಾಶಿ. ಯಂತ್ರ ಬಂದು ಗೋಡೆ ಕೆಡವಿದ ದಿನವೂ ಅವನನ್ನು ಯಾರೂ ಕೀಲಿ ಕೇಳಿರಲಿಲ್ಲ. ತನಗೆ ಹೆದರಿದರು ಎಂದೇ ಅವನು ಇಷ್ಟು ವರ್ಷ ನಂಬಿದ್ದ.

ಬಾಡಿಗೆ ಕೋಣೆಯ ಮೆಟ್ಟಿಲು ಹತ್ತುವಾಗಲೇ ಹೊಲಿಗೆ ಯಂತ್ರದ ಸದ್ದು ನಿಂತಿತು. ಕಿಣಿಕಿಣಿ ಕೇಳಿದೊಡನೆ ಹೆಂಡತಿ ಅನ್ನಕ್ಕಿಡುವುದು ರೂಢಿ. ಇವತ್ತು ಎದ್ದಿರಲಿಲ್ಲ. ಪಟ್ಟಿಯ ಸುದ್ದಿ ಅವನಿಗಿಂತ ಮೊದಲೇ ಮನೆ ಮುಟ್ಟಿತ್ತು.

"ಮನೆಗೆ ಎರಡು ಕೀಲಿ ಇತ್ತು," ಅವಳು ಬಟ್ಟೆಯಿಂದ ಕಣ್ಣೆತ್ತದೆ ಹೇಳಿದಳು. "ಒಂದು ಕೊಟ್ಟೆ."

ಧರಣಿಯ ಎರಡನೇ ದಿನ ಕಾರ್ಖಾನೆಯ ಅಧಿಕಾರಿ ಮನೆಗೆ ಬಂದು ಕೇಳಿದ್ದ. ಮೊದಲು ಕೊಟ್ಟವರಿಗೆ ಒಳ್ಳೇದಾಗುತ್ತೆ ಅಂದಿದ್ದ. ಮಗಳಿಗೆ ಆಗ ವಾರದಿಂದ ಜ್ವರ, ಗಂಡ ಧರಣಿಯಲ್ಲಿ. ವಾರದಲ್ಲಿ ಖಾಲಿ ಮಾಡಿಸುತ್ತಾರೆ, ಗಂಡನಿಗೂ ತನ್ನನ್ನು ಬೈದು ಬೈದು ಸಾಕಾಗುತ್ತದೆ ಎಂದುಕೊಂಡಿದ್ದಳು. ಯಾರೂ ಬರಲಿಲ್ಲ. ಧರಣಿ ಎಳೆಯುತ್ತಲೇ ಹೋಯಿತು, ಇವರು ಇನ್ನೊಂದು ಕೀಲಿಯಿಂದ ಬಾಗಿಲು ತೆಗೆಯುತ್ತಲೇ ಇದ್ದರು.

"ನಂಗೆ ಯಾಕೆ ಹೇಳ್ಲಿಲ್ಲ?"

"ಯಾವಾಗ ಹೇಳ್ಲಿ? ಮನೆ ತುಂಬ ಜನ ಇರ್ತಿದ್ರು. ನಾನು ಲೋಟ ತೊಳೀತಿದ್ದೆ."

ಅವನು ಸಿಟ್ಟಾಗಲು ನೋಡಿದ. ಆಗಲಿಲ್ಲ. ಸಿಟ್ಟಿಗೂ ಒಂದಿಷ್ಟು ತ್ರಾಣ ಬೇಕು.

ಆಕ್ಷೇಪಣೆಗೆ ಏಳು ದಿನ ಗಡುವು. ಕೆಲಸಕ್ಕೆ ಸೇರಿದ ಮೊದಲ ದಿನದಿಂದ ಎಲ್ಲರ ಸೇವೆಯನ್ನೂ ಎಣಿಸಬೇಕು ಎಂದು ವಾದಿಸಬಹುದು ಅಂದ ಸಂಘದ ವಕೀಲ. ಆದರೆ ಅದಕ್ಕೆ ಮೊದಲು ಈ ಪಟ್ಟಿ ಬೀಳಬೇಕು, ಕೀಲಿಯ ತಾರೀಖೇ ಸುಳ್ಳು ಎನ್ನಲು ಒಂದಾದರೂ ಗಟ್ಟಿ ಪುರಾವೆ ಬೇಕು ಎಂದೂ ಹೇಳಿದ. ಪುರಾವೆ ಅರ್ಜಿಯಣ್ಣನ ಜೇಬಿನಲ್ಲೇ ಇತ್ತು. ಹೊರತೆಗೆದರೆ ಅವನ ಮೂರನೇ ಸ್ಥಾನ ಹೋಗಿ ಪಟ್ಟಿಯ ಬುಡ ಸೇರಬೇಕು.

ಭಾನುವಾರ ವೆಲ್ಡರ್ ಬಿಳಿ ಹಾಳೆ ಹಿಡಿದು ಬಂದ. ಅವನು ಬೈದು ಒಂದು ಮಾತು ಆಡಿಬಿಟ್ಟಿದ್ದರೆ ಅರ್ಜಿಯಣ್ಣನಿಗೆ ಹಗುರವಾಗುತ್ತಿತ್ತು.

"ನೀನು ಸುಮ್ನೆ ಸೇರ್ಕೊಂಡ್ಬಿಡು ಮಾರಾಯ," ಎಂದ ವೆಲ್ಡರ್. "ನಮ್ಮ ಜೊತೆ ಧರಣಿ ಕೂತೋನು ಒಬ್ಬನಾದ್ರೂ ಕಾಯಂ ಆಗ್ಲಿ. ಅರ್ಜಿ ಮಾತ್ರ ಚೆನ್ನಾಗಿ ಬರ್ದುಕೊಡು, ನನ್ನ ಅಕ್ಷರ ನಂಗೇ ಓದೋಕಾಗಲ್ಲ."

ಅರ್ಜಿಯಣ್ಣ ನಕ್ಕ. ನಗು ಅರ್ಧಕ್ಕೇ ನಿಂತಿತು. ಹಾಳೆ ಎಳೆದುಕೊಂಡು ಎಷ್ಟೋ ಹೊತ್ತು ಪೆನ್ನಿನ ಮುಚ್ಚಳ ಕಚ್ಚುತ್ತ ಕೂತ. ಹೊಲಿಗೆ ಯಂತ್ರದ ಹಿಂದಿನಿಂದ ಹೆಂಡತಿ ಅವನನ್ನೇ ನೋಡುತ್ತಿದ್ದಳು. ಕೊನೆಗೆ ಬರೆದ: ಉದಾಹರಣೆಗೆ, ಕ್ರಮಸಂಖ್ಯೆ ಮೂರು.

ಕಾರ್ಮಿಕ ಇಲಾಖೆಯ ಕಚೇರಿಯಲ್ಲಿ ಫ್ಯಾನು ತಿರುಗುತ್ತಿತ್ತು, ಗಾಳಿ ಇರಲಿಲ್ಲ. ಅಧಿಕಾರಿಣಿ ಕಾರ್ಖಾನೆಯವರು ತಂದ ಡಬ್ಬಿಯಿಂದ ಚೀಟಿ ಕಟ್ಟಿದ ಒಂದು ಕೀಲಿಯನ್ನು ಹುಡುಕಿ ತೆಗೆದು, ಅರ್ಜಿಯಣ್ಣನ ಕೀಲಿಯ ಪಕ್ಕಕ್ಕಿಟ್ಟಳು. ಹಲ್ಲಿಗೆ ಹಲ್ಲು ಕೂತಿತು.

"ಇದನ್ನ ಒಪ್ಪಿದ್ರೆ ಕೆಳಗೆ ಹೋಗೋರು ನೀವೇ. ಗೊತ್ತು ತಾನೇ?"

"ಗೊತ್ತು."

"ಎರಡನೇ ಕೀಲಿ ಇದ್ದ ಮಾತ್ರಕ್ಕೆ ಅಲ್ಲೇ ಇದ್ರಿ ಅಂತ ಹೇಗೆ ನಂಬೋದು?"

ಬಾಗಿಲ ಬಳಿ ನಿಂತಿದ್ದ ಹೆಂಡತಿ ಮುಂದೆ ಬಂದು ಮೇಜಿನ ಅಂಚು ಹಿಡಿದಳು.

"ಕೊಟ್ಟೋಳು ನಾನು. ಕೊಟ್ಟ ಮೇಲೂ ಹತ್ತೊಂಬತ್ತು ತಿಂಗಳು ಅದೇ ಮನೇಲಿ ಅಡುಗೆ ಮಾಡಿದೀನಿ. ಈ ಡಬ್ಬಿಲಿರೋ ಅಷ್ಟೂ ಮನೆಯೋರು ಬಂದು ಟೀ ಕುಡ್ದಿದಾರೆ. ಕರೆದು ಕೇಳಿ. ಬರ್ಕೊಳ್ಳಿ."

ಅಧಿಕಾರಿಣಿ ಬರೆದುಕೊಂಡಳು. ಅಷ್ಟೂ ಮನೆಯವರ ಹೇಳಿಕೆ ಆಗಬೇಕು, ಕಾರ್ಖಾನೆಯವರೂ ಸುಮ್ಮನಿರುವುದಿಲ್ಲ, ತಿಂಗಳುಗಟ್ಟಲೆ ಹಿಡಿಯುತ್ತದೆ ಎಂದಳು. ಅಲ್ಲಿಯವರೆಗೆ ಯಾರೂ ಕಾಯಂ ಇಲ್ಲ. ಕೀಲಿ ಇಲ್ಲೇ ಇರಬೇಕು.

ಹೊರಗೆ ಬಿಸಿಲು ಕುದಿಯುತ್ತಿತ್ತು. ಇಬ್ಬರೂ ಬಸ್ ನಿಲ್ದಾಣದತ್ತ ನಡೆದರು. ಅರ್ಜಿಯಣ್ಣ ಎರಡು ಸಲ ಜೇಬು ಮುಟ್ಟಿ ನೋಡಿಕೊಂಡ. ಬಳೆಯಲ್ಲಿ ಲಾಕರಿನ ಕೀಲಿ ಒಂದೇ, ಸದ್ದೇ ಇಲ್ಲ.

"ಇನ್ಮೇಲೆ ನೀವು ಬಂದಿದ್ದು ನಂಗೆ ಗೊತ್ತಾಗಲ್ಲ," ಅಂದಳು ಹೆಂಡತಿ, ನೆರಳಿಗೆ ಸರಿಯುತ್ತ. "ಮೆಟ್ಟಿಲ ಹತ್ರ ಬಂದಾಗ ಒಂಚೂರು ಕೆಮ್ಮಿ."