ಕಾಶವ್ವನ ಮುಖ ಹೊತ್ತ ಫ್ಲೆಕ್ಸು

ನಾನು ಒಂದು ಫ್ಲೆಕ್ಸು. ಹುಬ್ಬಳ್ಳಿಯ ಅಂಗಡಿಯೊಂದರ ಯಂತ್ರದಿಂದ ಬೆಚ್ಚಗೆ, ಬಣ್ಣದ ವಾಸನೆ ಹೊತ್ತು ಹೊರಬಂದೆ. ನನ್ನ ಜೊತೆಯವರಿಗೆ ಪುಢಾರಿಯ ಹಲ್ಲೋ ಹುಟ್ಟುಹಬ್ಬದ ಕೇಕೋ ಸಿಕ್ಕಿತು. ನನ್ನ ಪಾಲಿಗೆ ಬಂದದ್ದು ಕಾಶವ್ವನ ಮುಖ. ಕೆನ್ನೆಯಿಂದ ಕೊರಳವರೆಗೆ ಸುಟ್ಟ ಚರ್ಮ, ಕೆಳಗೆ ದಪ್ಪ ಅಕ್ಷರ: ‘ಗಂಡನೇ ಬೆಂಕಿ ಇಟ್ಟ. ನಾನು ಬದುಕಿದೆ.’

ಮಹಿಳಾ ಜಾಗೃತಿ ಸಭೆಯ ವೇದಿಕೆಗೆ ನನ್ನನ್ನು ಕಟ್ಟಿದರು. ಭಾಷಣಕ್ಕೆಂದು ಬಂದ ಕಾಶವ್ವ ನನ್ನನ್ನು ಕಂಡು ನಿಂತಲ್ಲೇ ನಿಂತಳು.

“ಈ ಫೋಟೋ ದವಾಖಾನಿ ಕಾಗದಕ್ಕಂತ ತಗದದ್ದಲ್ಲರಿ? ಮಗಳಿಗೆ ಸ್ಟೋವ್ ಸಿಡೀತು ಅಂತ ಹೇಳೀನಿ.”

“ಮುಖ ನೋಡಿದ್ರೇನೇ ಜನಕ್ಕೆ ತಟ್ಟೋದು ಕಾಶವ್ವ. ಇವತ್ತೊಂದೇ ದಿನ,” ಎಂದರು ಸಭೆ ನಡೆಸುತ್ತಿದ್ದ ಸಂಸ್ಥೆಯ ಪ್ರಫುಲ್ಲಾ ಮೇಡಂ. ಕೆಟ್ಟ ಹೆಂಗಸಲ್ಲ. ಸಭೆಯಲ್ಲಿ ನಿಜವಾಗಿಯೂ ಅತ್ತರು. ಸಭೆ ಮುಗಿದ ಮೇಲೆ ನಾನು ಎಲ್ಲಿಗೆ ಹೋಗುತ್ತೇನೆಂದು ಮಾತ್ರ ಅವರು ಯೋಚಿಸಲಿಲ್ಲ.

ಗಟ್ಟಿ ಫ್ಲೆಕ್ಸನ್ನು ಯಾರಾದರೂ ಬಿಸಾಡುತ್ತಾರೆಯೇ? ಶಾಮಿಯಾನದವರು ಸುತ್ತಿಕೊಂಡು ಹೋದರು. ಕೆಲವು ಕಾಲ ಜೋಳದ ರಾಶಿಗೆ ಹೊದಿಕೆಯಾದೆ. ಆಮೇಲೆ ಅಣ್ಣಿಗೇರಿಯ ಬಸ್ ನಿಲ್ದಾಣದೆದುರು ಚನ್ನಬಸಪ್ಪನ ಮಿರ್ಚಿ ಗಾಡಿಗೆ ಬಿಸಿಲಿನ ಮರೆಯಾದೆ. ಅದು ಕಾಶವ್ವನದೇ ಊರು ಎಂದು ಅವನಿಗೇನು ಗೊತ್ತು?

ಒಂದು ಸಂಜೆ ಹೈಸ್ಕೂಲಿನ ಹುಡುಗಿಯರು ಬಂದರು. ಒಬ್ಬಳು ನನ್ನ ಮೇಲಿನ ಅಕ್ಷರ ಜೋರಾಗಿ ಓದಿದಳು. “ಏ ಅಕ್ಷತಾ, ನಿಮ್ಮವ್ವ ಅಲ್ಲೇನs ಇಕಿ?” ಅಕ್ಷತಾಳ ಕೈಯ ಮಿರ್ಚಿ ಕೆಳಗೆ ಬಿತ್ತು. ಮಡಚಿಕೊಳ್ಳಬೇಕು ಅನಿಸಿತು ನನಗೆ. ಹಗ್ಗ ಬಿಗಿದಿತ್ತು. ನನ್ನ ಮೇಲಿನ ಆ ಕಣ್ಣುಗಳು ಮಗಳನ್ನು ನೋಡುತ್ತಲೇ ಇದ್ದವು.

ಅಕ್ಷತಾ ಅಳುತ್ತ ನನ್ನನ್ನು ಕಿತ್ತು ಮನೆಗೆ ಎಳೆದೊಯ್ದಳು. “ಖರೇನs ಅವ್ವಾ?”

“ನೀ ದೊಡ್ಡಾಕಿ ಆದ ಮ್ಯಾಲ ನಾನs ಹೇಳಾಕಿದ್ದೆ,” ಎಂದಳು ಕಾಶವ್ವ. “ನನ್ನ ಬಾಯಿಂದs ಹೇಳಬೇಕಿತ್ತು.”

ಮಗಳು ಹಿತ್ತಲಲ್ಲಿ ನನ್ನನ್ನು ಮುದ್ದೆ ಮಾಡಿ ಹಾಕಿ ಕಡ್ಡಿ ಗೀರಿದಳು. ಉರಿ ಅಂಚಿಗೆ ತಾಗಿತು. ಕಾಶವ್ವ ಓಡಿ ಬಂದು ಬರಿಗೈಯಿಂದ ಬಡಿದು ಆರಿಸಿದಳು.

“ಬ್ಯಾಡವಾ! ಅದರಾಗ ಇರಾಕಿ ನಾನs!”

ಈಗ ಅಟ್ಟದ ಮೂಲೆಯಲ್ಲಿ, ಮುಖ ಗೋಡೆಗೆ ಮಾಡಿ ಬಿದ್ದಿದ್ದೇನೆ. ಹೇಳಿಕೇಳಿ ಪ್ಲಾಸ್ಟಿಕ್ಕು ನಾನು, ಮಣ್ಣಾಗುವ ಜಾತಿಯಲ್ಲ. ಅವಳು ಹೋದ ಮೇಲೂ ಈ ಮುಖ ಇರುತ್ತದೆ. ಯಾರಾದರೂ ಬಿಚ್ಚಿದರೆ, ನೋಡಬೇಡಿ ಎನ್ನಲು ಆಗ ಅವಳೂ ಇರುವುದಿಲ್ಲ.