ಮುದಿ ಡ್ರ್ಯಾಗನ್‌ಗೆ ಕೊನೆಯ ಸ್ಥಾನ

ವಾರಪತ್ರಿಕೆಯ ಮನರಂಜನೆ ಪುಟ ನೋಡಿಕೊಳ್ಳುತ್ತಿದ್ದ ಉಪಸಂಪಾದಕನಿಗೆ ಆ ವಾರ ಬಂದ ಕೆಲಸ ಸುಲಭದ್ದೇ. ಜನ ಊಟ ತಿಂಡಿ ಬಿಟ್ಟು ನೋಡುತ್ತಿದ್ದ ಡ್ರ್ಯಾಗನ್‌ಗಳ ಧಾರಾವಾಹಿ ಮುಗಿದಿತ್ತು. ಅದರ ಅತ್ಯುತ್ತಮ ಕಂತಿನಿಂದ ಹಿಡಿದು ಅತಿ ಕಳಪೆ ಕಂತಿನವರೆಗೆ ಸಾಲಾಗಿ ಜೋಡಿಸಿ ಬರೆಯಬೇಕಿತ್ತು. ಅವನು ಅರ್ಧದಷ್ಟೂ ನೋಡಿರಲಿಲ್ಲ. ಅವರಿವರು ಬರೆದುಕೊಂಡಿದ್ದನ್ನು ಹೆಕ್ಕಿ, ಉಪ್ಪುಖಾರ ಹಚ್ಚಿ, ಮಧ್ಯಾಹ್ನದೊಳಗೆ ಕೈತೊಳೆದುಕೊಂಡ. ಮುದಿ ಡ್ರ್ಯಾಗನ್ ಸಾಯುವ ಕಂತನ್ನು ಎಲ್ಲರೂ ಬೈದಿದ್ದರು. ಅದನ್ನೇ ಕೊನೆಗೆ ತಳ್ಳಿ, ‘ನಮ್ಮ ಭಾಷೆಯ ಡಬ್ಬಿಂಗ್‌ನಲ್ಲಂತೂ ಡ್ರ್ಯಾಗನ್ ಸಾಯುತ್ತಿದೆಯೋ, ನೆಗಡಿಯಾಗಿ ನರಳುತ್ತಿದೆಯೋ ತಿಳಿಯುವುದಿಲ್ಲ’ ಎಂದು ಸೇರಿಸಿದ. ಕಚೇರಿಯಲ್ಲಿ ಎಲ್ಲರೂ ಹೊಟ್ಟೆ ಹಿಡಿದುಕೊಂಡು ನಕ್ಕರು.

ಭಾನುವಾರ ಚಿಕ್ಕಮ್ಮನ ಮನೆಗೆ ಊಟಕ್ಕೆ ಹೋದ. ಚಿಕ್ಕಮ್ಮ ಡಬ್ಬಿಂಗ್ ಕಲಾವಿದೆ. ಜಾಹೀರಾತಿನ ಅತ್ತೆಯರಿಗೆ, ಕಾರ್ಟೂನಿನ ಅಳಿಲುಗಳಿಗೆ ದನಿ ಕೊಟ್ಟೇ ಸಂಸಾರ ತೂಗಿಸಿದವಳು. ಪತ್ರಿಕೆ ಸೋಫಾದ ಮೇಲೆ ಬಿಚ್ಚಿಕೊಂಡು ಬಿದ್ದಿತ್ತು. ಚಿಕ್ಕಪ್ಪ ಮುಖ ಕೊಟ್ಟು ಮಾತಾಡಲಿಲ್ಲ. ಎಲೆಕೋಸಿನ ಪಲ್ಯ ಬಡಿಸುವ ಹೊತ್ತಿಗೆ ಅವರಿಗೆ ತಡೆಯಲಾಗಲಿಲ್ಲ.

“ಆ ಮುದಿ ಡ್ರ್ಯಾಗನ್ ಯಾರು ಗೊತ್ತೇನಪ್ಪಾ?”

ಅವನಿಗೆ ಈಗ ನೆನಪಾಯಿತು. ಹಿಂದೊಮ್ಮೆ ಚಿಕ್ಕಮ್ಮ ಫೋನಿನಲ್ಲಿ ಸಂಭ್ರಮದಿಂದ ಏನೋ ಹೇಳಿದ್ದಳು. ಇವನು ಬೇರೇನೋ ಟೈಪು ಮಾಡುತ್ತಾ ಹೂಂಗುಟ್ಟಿದ್ದ.

“ಬಿಡ್ರೀ, ಊಟಕ್ಕೆ ಕೂತಾಗ ಅದೆಲ್ಲಾ ಯಾಕೆ?” ಎಂದಳು ಚಿಕ್ಕಮ್ಮ. “ಆ ಡ್ರ್ಯಾಗನ್‌ಗೆ ದನಿ ಕೊಟ್ಟ ದಿನ ನನಗೆ ಗಂಟಲು ಕಟ್ಟಿತ್ತು. ಅವನ ಕೆಲಸ ಅವನು ಮಾಡಿದ್ದಾನೆ. ಸಂಬಂಧ ನೋಡ್ಕೊಂಡು ಬರೆಯೋಕಾಗುತ್ತಾ?”

ಅವಳು ತನ್ನ ಪರ ವಹಿಸುತ್ತಿದ್ದರೆ ಅವನು ಎತ್ತಿದ ತುತ್ತನ್ನು ತಟ್ಟೆಗೇ ಇಳಿಸಿದ. ಸುಮ್ಮನಿದ್ದಿದ್ದರೆ ಪಾರಾಗುತ್ತಿದ್ದ.

“ಚಿಕ್ಕಮ್ಮಾ, ನಾನು ಆ ಕಂತು ನೋಡೇ ಇಲ್ಲ. ಬೇರೆಯವರು ಬೈದಿದ್ದು ಓದಿ ಬರೆದೆ. ನೆಗಡಿ ಜೋಕು ಮಾತ್ರ ನಂದು.”

ಚಿಕ್ಕಮ್ಮ ಸೌಟನ್ನು ಪಾತ್ರೆಗೆ ಹಾಕಿದಳು.

“ಕೇಳಿ ಕೆಟ್ಟದಾಗಿದೆ ಅಂದಿದ್ರೆ ನುಂಗ್ಕೊಂಡಿರ್ತಿದ್ದೆ ಕಣೋ. ಪತ್ರಿಕೆ ಬಂದಾಗಿಂದ ಎಲ್ಲಿ ತಪ್ಪಿದೆ ಅಂತ ಮತ್ತೆ ಮತ್ತೆ ಹಾಕ್ಕೊಂಡು ಕೇಳ್ತಿದ್ದೀನಿ. ನೀನು ಒಂದ್ಸಲಾನೂ ಕೇಳಿಲ್ವಾ?”

ನೆಲ ಬಾಯಿಬಿಟ್ಟು ನುಂಗಬಾರದೇ ಎನಿಸಿತು ಅವನಿಗೆ.

ಊಟವಾದ ಮೇಲೆ ಅವನೇ ಟೀವಿಯಲ್ಲಿ ಆ ಕಂತು ಹಾಕಿದ. ಕಂತು ನಿಜಕ್ಕೂ ಜಾಳುಜಾಳಾಗಿತ್ತು, ಯುದ್ಧಕ್ಕೆ ತಲೆಬುಡವಿರಲಿಲ್ಲ. ಆದರೆ ಕೊನೆಯಲ್ಲಿ, ಗುಹೆಯ ಬಾಯಲ್ಲಿ ಬಿದ್ದ ಮುದಿ ಡ್ರ್ಯಾಗನ್ ಹಾರಲು ಹೆದರುವ ಮರಿಗೆ “ಹೋಗು, ತಿರುಗಿ ನೋಡಬೇಡ” ಎನ್ನುತ್ತದೆ. ಆ ಎರಡು ಮಾತುಗಳ ನಡುವೆ ಚಿಕ್ಕಮ್ಮ ಒಂದು ಸಣ್ಣ ಉಸಿರು ಎಳೆದುಕೊಂಡಿದ್ದಳು. ಅವನ ಕಣ್ಣು ತುಂಬಿತು. ಚೆನ್ನಾಗಿದೆ ಎನ್ನಲು ಬಾಯಿ ತೆರೆದ. ತನ್ನ ಮೆಚ್ಚುಗೆಗೆ ಈ ಮನೆಯಲ್ಲಿ ಇನ್ನು ಯಾವ ಬೆಲೆ ಎಂದು ನಾಚಿ ಮುಚ್ಚಿಕೊಂಡ.

“ಸುಮ್ನೆ ಏನಾದ್ರೂ ಹೇಳ್ಬೇಡ,” ಎಂದು ಚಿಕ್ಕಮ್ಮ ಟೀವಿ ಆರಿಸಿದಳು.

ಮರುದಿನ ಅವನು, ಆ ಕಂತನ್ನು ನೋಡದೆಯೇ ಬರೆದಿದ್ದೆ, ಕ್ಷಮಿಸಿ ಎಂದು ಬರೆದು ಸಂಪಾದಕರ ಮುಂದಿಟ್ಟ.

“ಇದನ್ನ ಹಾಕಿದ್ರೆ ನಿನ್ನ ಮರ್ಯಾದೆ ಹೋಗುತ್ತಲ್ಲೋ!”

“ಹೋಗಲಿ ಸಾರ್, ಹಾಕಿ.”

ಗೊಣಗುತ್ತಲೇ ಅವರು ಪುಟದ ಮೂಲೆಯಲ್ಲಿ ಹಾಕಿಸಿದರು. ಚಿಕ್ಕಮ್ಮ ಫೋನು ಮಾಡಲಿಲ್ಲ. ಚಿಕ್ಕಪ್ಪ ಮಾಡಿದರು.

“ಓದಿದ್ಲಪ್ಪಾ,” ಎಂದರು. “ಏನೂ ಅನ್ನಲಿಲ್ಲ.”